ಎರಡು ಸಾಲಿನಲ್ಲಿ ಡಿಸ್ಟೋಮರ್

ಜೂನ್ ೨, ಸೋಮವಾರ

ಬಿದ್ದು ಇಂದಿಗೆ ನಾಲ್ಕನೆಯ ದಿನ. ಮೊಣಕಾಲಿನ ಕೆಳಗಿನಿಂದ ಪಾದದವರೆಗೆ ಪ್ಲಾಸ್ಟರ್, ಬೆರಳುಗಳು ಮಾತ್ರ ಹೊರಗೆ. ಆರು ವಾರ ಹೀಗೇ ಇರಬೇಕಂತೆ. ಬೇರೆ ಕೆಲಸವಿಲ್ಲದ್ದರಿಂದ ದಿನಚರಿ ಬರೆಯಲು ಕೂತಿದ್ದೇನೆ. ಓದುವವರು ಯಾರೂ ಇಲ್ಲ ಎಂಬ ಧೈರ್ಯದಿಂದ ನಿಜವನ್ನೇ ಬರೆಯುತ್ತೇನೆ.

ಹೇಗೆ ಬಿದ್ದಿರಿ ಎಂದು ಕೇಳಿದವರಿಗೆಲ್ಲ ಸ್ನಾನದ ಮನೆಯಲ್ಲಿ ಕಾಲು ಜಾರಿತು ಎಂದಿದ್ದೇನೆ. ಮರ್ಯಾದಸ್ಥರು ಬೀಳುವ ಜಾಗ ಅದು. ನಿಜ ಏನೆಂದರೆ, ವಿಮೆಯ ಏಜೆಂಟನೊಬ್ಬ ಮನೆಗೆ ಬಂದಿದ್ದ. ಏನು ಕೆಲಸದಲ್ಲಿದ್ದಿರಿ ಎಂದು ಕೇಳಿದ. ಕಾಲೇಜಿನಲ್ಲಿ ರಸಾಯನಶಾಸ್ತ್ರ ಕಲಿಸುತ್ತಿದ್ದೆ ಎಂದು ಹೇಳಿ ಸುಮ್ಮನಾಗಬಹುದಿತ್ತು. ನಾಲಿಗೆ ಸುಮ್ಮನಿರಬೇಕಲ್ಲ! ಸಾವಯವ ರಸಾಯನ ಪದಕೋಶದ ಸಂಪಾದಕ ನಾನೇ ಎಂದೆ. ಅಷ್ಟು ಸಾಲದೆ, ಪುಸ್ತಕ ತೋರಿಸಲು ಸ್ಟೂಲು ಹತ್ತಿದೆ. ಪುಸ್ತಕ ಕೈಗೆ ಬಂತು, ಸ್ಟೂಲು ಕಾಲಿನಿಂದ ಹೋಯಿತು. ಏಜೆಂಟ ನನ್ನನ್ನು ಎತ್ತಿ ಕುರ್ಚಿಯಲ್ಲಿ ಕೂರಿಸಿ, ಅಪಘಾತ ವಿಮೆಯ ಫಾರಂ ಒಂದನ್ನು ಮೇಜಿನ ಮೇಲಿಟ್ಟು ಹೋದ. ಪುಸ್ತಕವನ್ನು ತೆರೆದೂ ನೋಡಲಿಲ್ಲ.

ಅಕ್ಕ ಮಾತ್ರ ನಿಜ ಬಲ್ಲಳು. ನನಗಿಂತ ಆರು ವರ್ಷಕ್ಕೆ ದೊಡ್ಡವಳು, ಮೂವತ್ತು ವರ್ಷ ಮುದ್ರಣಾಲಯದಲ್ಲಿ ಪ್ರೂಫ್ ನೋಡಿ ಎರಡು ವರ್ಷದ ಹಿಂದಷ್ಟೇ ನಿವೃತ್ತಳಾದವಳು. ಭಾವ ತೀರಿಕೊಂಡ ಮೇಲೆ ನನ್ನ ಜೊತೆಗಿದ್ದಾಳೆ. ನಾನು ಅವಳ ಜೊತೆಗಿದ್ದೇನೆ ಎನ್ನುವುದು ಅವಳ ಪಾಠ. ಅರವತ್ತಾರು ತುಂಬಿದ ನನ್ನನ್ನು ಇನ್ನೂ "ಮರಿ" ಎಂದೇ ಕರೆಯುತ್ತಾಳೆ.

"ಮರಿ, ಜಟ್ಟಿ ಜಾರಿ ಬಿದ್ರೂ ಮೀಸೆ ಮಣ್ಣಾಗಲಿಲ್ಲ ಅಂದ್ರೆ ಇದೇ ನೋಡು," ಎಂದು ಸೂಪಿನ ಬಟ್ಟಲು ಕೈಗಿಟ್ಟಳು. ನನಗೆ ಮೀಸೆಯೂ ಇಲ್ಲ.

ಜೂನ್ ೪, ಬುಧವಾರ

ಪದಕೋಶ ಸಮಿತಿಯ ಅಧ್ಯಕ್ಷರು ಫೋನ್ ಮಾಡಿದ್ದರು. ಒಂದು ಕಾಲದಲ್ಲಿ ನನ್ನ ಕಿರಿಯ ಸಹೋದ್ಯೋಗಿಯಾಗಿದ್ದವರು, ಬಹಳ ವಿನಯವಂತರು. ಎರಡನೆಯ ಮುದ್ರಣ ಈ ತಿಂಗಳ ಇಪ್ಪತ್ತೆಂಟಕ್ಕೆ ಬಿಡುಗಡೆಯಂತೆ. ಅಂದೇ ನನಗೆ ಗೌರವ ಫಲಕ.

"ಗಾಲಿಕುರ್ಚೀಲಿ ಬನ್ನಿ ಸರ್, ಪರವಾಗಿಲ್ಲ. ಫೋಟೋದಲ್ಲಿ ಇನ್ನೂ ಚೆನ್ನಾಗಿ ಕಾಣತ್ತೆ," ಎಂದರು.

ಪದಕೋಶದಲ್ಲಿ ಯಾವ ಪದಕ್ಕೂ ಎರಡು ಸಾಲಿಗಿಂತ ಹೆಚ್ಚು ಕೊಡಬಾರದು ಎಂಬ ನಿಯಮ ಮಾಡಿದವನು ನಾನು. ಒಂದು ಸಾಲು ಅರ್ಥ, ಒಂದು ಸಾಲು ಪ್ರಯೋಗ. ಸಮಿತಿಯಲ್ಲಿ ನನಗೆ "ಕತ್ತರಿ" ಎಂದು ಹೆಸರಿತ್ತು. ಬೆನ್ನ ಹಿಂದೆ ಕರೆಯುತ್ತಿದ್ದರು, ಆದರೂ ನನಗೆ ಅದು ಬಿರುದಿನಂತೆ ಕೇಳುತ್ತಿತ್ತು. ಸಹೋದ್ಯೋಗಿಯೊಬ್ಬರ ತಂದೆ ತೀರಿಕೊಂಡಾಗ ನಾನು ಬರೆದ ಸಾಂತ್ವನದ ಪತ್ರದಲ್ಲಿ ನಾಲ್ಕೇ ಪದಗಳಿದ್ದವು. ಅವರು ಇಂದಿಗೂ ನನ್ನೊಡನೆ ಮಾತಾಡುವುದಿಲ್ಲ.

ಸಮಾರಂಭಕ್ಕೆ ಭಾಷಣ ಬರೆಯಲು ಶುರುಮಾಡಿದ್ದೇನೆ. ವಿಷಯ: ಸಂಕ್ಷಿಪ್ತತೆ. ಈಗಾಗಲೇ ಒಂಬತ್ತು ಪುಟವಾಗಿದೆ.

ಜೂನ್ ೭, ಶನಿವಾರ

ಮಧ್ಯಾಹ್ನ ಔಷಧಿ ಅಂಗಡಿಯವಳು ಕ್ಯಾಲ್ಸಿಯಂ ಮಾತ್ರೆ ತಂದಳು. ನಮ್ಮ ಬೀದಿಯ ಮೂಲೆಯ ಅಂಗಡಿಯಲ್ಲಿ ಹದಿನೆಂಟು ವರ್ಷದಿಂದ ಕೌಂಟರಿನ ಹಿಂದೆ ನಿಲ್ಲುವ ಹೆಂಗಸು. ಕನ್ನಡಕವನ್ನು ದಾರ ಕಟ್ಟಿ ಕೊರಳಿಗೆ ಹಾಕಿಕೊಂಡಿರುತ್ತಾಳೆ. ಮಾತ್ರೆ ಕೊಟ್ಟವಳು ಹೋಗಲಿಲ್ಲ. ಚೀಲದಿಂದ ನನ್ನ ಪದಕೋಶ ತೆಗೆದಳು. ಅಭಿಮಾನಿಯೊಬ್ಬಳು ಇಷ್ಟು ಹತ್ತಿರದಲ್ಲೇ ಇದ್ದಳಲ್ಲ ಎಂದು ಹಿಗ್ಗಿ ಪೆನ್ನಿನ ಮುಚ್ಚಳ ತೆಗೆದೆ.

"ಸಹಿ ಬೇಡ ಮೇಷ್ಟ್ರೇ. ನೂರ ಹನ್ನೆರಡನೇ ಪುಟ ನೋಡಿ. ಡಿಸ್ಟೋಮರ್."

ಆ ಪದ ಹಾಕಿದ್ದಕ್ಕೇ ನನಗೆ ಒಂದು ಹೆಮ್ಮೆಯಿದೆ. ಅದನ್ನು ದಿನವೂ ಬಳಸುವವರನ್ನೆಲ್ಲ ಒಂದು ಬಸ್ಸಿನಲ್ಲಿ ಕೂರಿಸಬಹುದೇನೋ. ಕೆಲವು ಅಣುಗಳು ಎಡಗೈ ಬಲಗೈಗಳ ಹಾಗೆ ಜೋಡಿಯಾಗಿರುತ್ತವೆ. ಅವೇ ಪರಮಾಣುಗಳು, ಅದೇ ಜೋಡಣೆ, ಆದರೆ ಒಂದು ಇನ್ನೊಂದರ ಕನ್ನಡಿಯ ಬಿಂಬ. ಔಷಧಿಯಲ್ಲಿ ಇಂಥ ಜೋಡಿಯಿದ್ದರೆ, ಬೇಕಾದ ಕೆಲಸವನ್ನು ಚೆನ್ನಾಗಿ ಮಾಡುವುದು ಯೂಟೋಮರ್, ಇನ್ನೊಂದು ಡಿಸ್ಟೋಮರ್. ನನ್ನ ಪುಸ್ತಕದಲ್ಲಿ ಹೀಗಿದೆ: "ಡಿಸ್ಟೋಮರ್: ಕನ್ನಡಿ ಜೋಡಿಯಲ್ಲಿ ಕೆಲಸ ಮಾಡದ ಅಣು. ಪ್ರಯೋಗ: ಔಷಧಿಯ ಡಿಸ್ಟೋಮರ್ ದೇಹದಲ್ಲಿ ಸುಮ್ಮನಿರುತ್ತದೆ." ಅಳೆದು ತೂಗಿದಂತೆ ಎರಡು ಸಾಲು.

"ಇದು ತಪ್ಪು," ಎಂದಳು.

ನಾನು ನಕ್ಕೆ. ಮೇಷ್ಟ್ರುಗಳು ನಗುವ ಒಂದು ನಗೆಯಿದೆಯಲ್ಲ, ಅದನ್ನು. ಅವಳು ನಗಲಿಲ್ಲ. ಔಷಧಿ ವಿಜ್ಞಾನದ ಡಿಪ್ಲೊಮಾ ಪರೀಕ್ಷೆಗೆ ಕೂತಿದ್ದಳಂತೆ. ಇದು ಮೂರನೆಯ ಸಲ, ನಾಲ್ಕನೆಯದಕ್ಕೆ ಅವಕಾಶವಿಲ್ಲ. ಅಂಗಡಿಯ ಮಾಲೀಕರಿಗೆ ವಯಸ್ಸಾಗಿದೆ, ಈ ವರ್ಷವೇ ಬಿಡುತ್ತಾರೆ. ಪ್ರಮಾಣಪತ್ರ ಬಂದರೆ ಲೈಸೆನ್ಸ್ ಅವಳ ಹೆಸರಿಗೆ ಆಗಿ ಅಂಗಡಿ ಉಳಿಯುತ್ತದೆ. ಇಲ್ಲದಿದ್ದರೆ ಅಲ್ಲಿ ಟೈರು ಮಾರುವವನು ಬರುತ್ತಾನೆ.

"ಡಿಸ್ಟೋಮರ್ ಅಂದ್ರೇನು, ವಾಕ್ಯದಲ್ಲಿ ಪ್ರಯೋಗಿಸಿ ಅಂತ ಕೇಳಿದ್ರು. ಎರಡು ಅಂಕ. 'ಬೇಕಾದ ಕೆಲಸವನ್ನು ಕಡಿಮೆ ಮಾಡುವ ಜೋಡಿ ಅಣು. ಡಿಸ್ಟೋಮರ್ ಸುಮ್ಮನಿರುತ್ತದೆಂದು ನಂಬಬಾರದು, ಅದು ಬೇರೆ ಕೆಲಸ ಮಾಡಬಹುದು, ಕೇಡನ್ನೂ ಮಾಡಬಹುದು' ಅಂತ ಬರ್ದೆ. ಸೊನ್ನೆ ಕೊಟ್ಟಿದ್ದಾರೆ. ನಾನು ಫೇಲಾಗಿರೋದು ಎರಡೇ ಅಂಕದಲ್ಲಿ."

"ಇದನ್ನೆಲ್ಲ ಎಲ್ಲಿ ಓದಿದ್ರಮ್ಮ?"

"ಮಾತ್ರೆ ಡಬ್ಬೀಲಿ ಮಡಚಿ ಇಟ್ಟಿರ್ತಾರಲ್ಲ, ಆ ಕಾಗದದಲ್ಲಿ. ಹದಿನೆಂಟು ವರ್ಷ ಬರೋದೆಲ್ಲ ಓದಿದೀನಿ."

ಮಾತ್ರೆ ಡಬ್ಬಿಯ ಕಾಗದ! ಪರೀಕ್ಷಾ ಮಂಡಳಿಯ ಮಾದರಿ ಉತ್ತರದಲ್ಲಿ ಆಧಾರವೆಂದು ನನ್ನ ಪದಕೋಶದ ಹೆಸರನ್ನೇ ಹಾಕಿದ್ದಾರೆ. ಆಕ್ಷೇಪ ಸಲ್ಲಿಸಲು ಇಪ್ಪತ್ತನೆಯ ತಾರೀಕಿನವರೆಗೆ ಸಮಯವಿದೆ, ಆದರೆ ಆಧಾರ ಗ್ರಂಥ ತಪ್ಪೆಂದು ಅದರ ಸಂಪಾದಕನೇ ಬರೆದುಕೊಡಬೇಕು. ನೋಡೋಣ ಎಂದು ಕಳಿಸಿದೆ. ಕೌಂಟರಿನಲ್ಲಿ ನಿಂತು ಮಾತ್ರೆ ಎಣಿಸುವವಳು ನನಗೆ ರಸಾಯನಶಾಸ್ತ್ರ ಹೇಳಿಕೊಡಲು ಬಂದಿದ್ದಾಳೆ. ಕಾಲ ಕೆಟ್ಟಿತು.

ಜೂನ್ ೮, ಭಾನುವಾರ

ಸುಮ್ಮನೆ, ಅವಳ ಬಾಯಿ ಮುಚ್ಚಿಸಲೆಂದು, ಮೂರು ದೊಡ್ಡ ಗ್ರಂಥಗಳನ್ನು ಅಕ್ಕನಿಂದ ತರಿಸಿಕೊಂಡು ನೋಡಿದೆ. ಮೂರರಲ್ಲೂ "ಪರಿಗಣಿಸುತ್ತಿರುವ ಪರಿಣಾಮದ ಮಟ್ಟಿಗೆ" ಎಂಬರ್ಥದ ಮಾತಿದೆ. ಮೂರರಲ್ಲೂ "ಕೆಲಸ ಮಾಡದ" ಎಂದಿಲ್ಲ, "ಕಡಿಮೆ ಕೆಲಸ ಮಾಡುವ" ಎಂದಿದೆ. ಒಂದರಲ್ಲಿ ಉದಾಹರಣೆ ಬೇರೆ: ಜೋಡಿಯಲ್ಲಿ ಒಂದು ಅಣು ನೋವಿಗೆ ಔಷಧಿ, ಅದರ ಬಿಂಬ ಕೆಮ್ಮಿಗೆ. ನೋವಿನವನಿಗೆ ಇದು ಯೂಟೋಮರ್ ಆದರೆ ಕೆಮ್ಮಿನವನಿಗೆ ಅದು.

ಮೂವರು ಲೇಖಕರೂ ಸೇರಿ ನನ್ನ ಮೇಲೆ ಪಿತೂರಿ ನಡೆಸಿದಂತಿದೆ. ಅವರಲ್ಲಿ ಇಬ್ಬರು ನಾನು ಹುಟ್ಟುವ ಮೊದಲೇ ಬರೆಯುತ್ತಿದ್ದವರು.

ಜೂನ್ ೯, ಸೋಮವಾರ

ಮಂಚದ ಕೆಳಗಿನಿಂದ ಕಾರ್ಡುಗಳ ಪೆಟ್ಟಿಗೆ ತೆಗೆಸಿದೆ. ಪದಕೋಶದ ಪ್ರತಿ ಪದಕ್ಕೂ ಒಂದೊಂದು ಕಾರ್ಡು ಬರೆದಿದ್ದೆ. ಡಿಸ್ಟೋಮರ್ ಕಾರ್ಡು ಸಿಕ್ಕಿತು. ನನ್ನದೇ ಅಕ್ಷರ: "ಕನ್ನಡಿ ಜೋಡಿಯಲ್ಲಿ, ಪರಿಗಣಿಸುತ್ತಿರುವ ಪರಿಣಾಮದ ಮಟ್ಟಿಗೆ, ಕಡಿಮೆ ಕೆಲಸ ಮಾಡುವ ಅಣು."

ಗೊತ್ತಿತ್ತು. ನನಗೆ ಗೊತ್ತಿತ್ತು!

ಪೆಟ್ಟಿಗೆಯ ತಳದಲ್ಲಿ ಪ್ರೂಫ್ ಹಾಳೆಗಳೂ ಇದ್ದವು. ನೂರ ಹನ್ನೆರಡನೆಯ ಪುಟದಲ್ಲಿ ಈ ಪದದ ಅರ್ಥ ಎರಡನೆಯ ಸಾಲಿಗೆ ಜಾರಿ, ಪ್ರಯೋಗ ಮೂರನೆಯದಕ್ಕೆ ಇಳಿದಿತ್ತು. ನಾನು ಕೆಂಪು ಶಾಯಿಯಲ್ಲಿ ನಡುವಿನ ಮೂರು ಪದ ಹೊಡೆದುಹಾಕಿದ್ದೇನೆ. ಆಗಲೂ ಎರಡು ಅಕ್ಷರ ಹೆಚ್ಚಾಗುತ್ತಿತ್ತೆಂದು "ಕಡಿಮೆ ಕೆಲಸ ಮಾಡುವ" ಎಂಬುದನ್ನು "ಕೆಲಸ ಮಾಡದ" ಎಂದು ಮಾಡಿದ್ದೇನೆ. ಅರ್ಥ ಹಾಗಾದ ಮೇಲೆ ಅದಕ್ಕೆ ಹೊಂದುವ ಪ್ರಯೋಗ ಯಾವ ಪುಸ್ತಕದಲ್ಲೂ ಸಿಗಲಾರದು, ಆದ್ದರಿಂದ ವಾಕ್ಯವನ್ನೂ ನಾನೇ ಹುಟ್ಟಿಸಿದ್ದೇನೆ. ಅಂಚಿನಲ್ಲಿ ಪೆನ್ಸಿಲಿನ ಸಣ್ಣ ಅಕ್ಷರಗಳು: "ಅರ್ಥ ಬದಲಾಗುವುದಿಲ್ಲವೆ?" ಅದು ಅಕ್ಕನ ಕೈ.

"ನೀನು ಆಗ ಇನ್ನೂ ಜೋರಾಗಿ ಹೇಳಬೇಕಿತ್ತು," ಎಂದೆ. ಕೋತಿ ತಾನು ಮೊಸರು ತಿಂದು ಮೇಕೆಯ ಬಾಯಿಗೆ ಒರೆಸಿತಂತೆ.

"ಹೇಳಿದ್ದೆ ಕಣೋ. ಮುದ್ರಣಾಲಯದ ಮೆಟ್ಟಿಲ ಮೇಲೆ ನಿಂತು ಹೇಳಿದ್ದೆ. 'ಪ್ರೂಫ್ ನೋಡೋರು ಕಾಗುಣಿತ ನೋಡಿದ್ರೆ ಸಾಕು' ಅಂದೆ ನೀನು. ಎಲ್ಲರ ಎದುರಿಗೆ."

ನನಗೆ ನೆನಪಿಲ್ಲ. ಅವಳಿಗೆ ಮೆಟ್ಟಿಲು ಎಷ್ಟನೆಯದು ಎಂಬುದೂ ನೆನಪಿದೆ.

ಜೂನ್ ೧೧, ಬುಧವಾರ

ಅಧ್ಯಕ್ಷರಿಗೆ ಫೋನ್ ಮಾಡಿ ಹೇಳಿದೆ.

"ಸರ್, ಯಾರಿಗೆ ಗೊತ್ತಾಗಿದೆ?"

"ಔಷಧಿ ಅಂಗಡಿಯವಳಿಗೆ."

"ಅಷ್ಟೇ ತಾನೇ," ಎಂದು ಅವರ ದನಿ ಹಗುರಾಯಿತು. "ಮೂರನೇ ಮುದ್ರಣದಲ್ಲಿ ಸದ್ದಿಲ್ಲದೆ ತಿದ್ದಿಬಿಡೋಣ. ಈಗ ನೀವು ಪತ್ರ ಕೊಟ್ರೆ ಮಂಡಳಿಯೋರು ಪುಸ್ತಕಾನ ಪಟ್ಟಿಯಿಂದ ತೆಗೀತಾರೆ. ಸಮಾರಂಭಾನೂ ಇರಲ್ಲ. ಇಷ್ಟು ವರ್ಷದ ದುಡಿಮೆ ಸರ್ ನಿಮ್ದು. ಒಂದು ಪದಕ್ಕೋಸ್ಕರ ಯಾಕೆ?"

ಹತ್ತೊಂಬತ್ತು ವರ್ಷದ ದುಡಿಮೆ. ಬೇರೇನೂ ನಾನು ಮಾಡಿಲ್ಲ. ಮದುವೆಯಾಗಲಿಲ್ಲ, ಮನೆ ಕಟ್ಟಲಿಲ್ಲ, ಸಂಶೋಧನೆಯನ್ನು ಅರ್ಧಕ್ಕೆ ಬಿಟ್ಟೆ. ನನ್ನ ಹೆಸರು ಅಚ್ಚಾಗಿರುವ ಜಾಗ ಜಗತ್ತಿನಲ್ಲಿ ಎರಡೇ: ಆ ಪುಸ್ತಕದ ರಟ್ಟು, ಮನೆಯ ವಿದ್ಯುತ್ ಬಿಲ್ಲು. ಅವರು ಹೇಳುವುದರಲ್ಲೂ ನ್ಯಾಯವಿದೆ. ಮೂರನೆಯ ಮುದ್ರಣದಲ್ಲಿ ಖಂಡಿತ ತಿದ್ದುತ್ತೇನೆ. ಅವಳಿಗೆ ಬೇರೆ ಅಂಗಡಿಯಲ್ಲಿ ಕೆಲಸ ಸಿಗದೆ ಇರುವುದಿಲ್ಲ.

ಭಾಷಣ ಹದಿಮೂರು ಪುಟ ಮುಟ್ಟಿದೆ.

ಜೂನ್ ೧೪, ಶನಿವಾರ

ಬಾಗಿಲು ತಟ್ಟಿದ ಸದ್ದಿಗೆ ಅವಳೇ ಎಂದು ಗೊತ್ತಾಗಿ ಕಣ್ಣು ಮುಚ್ಚಿ ಮಲಗಿದೆ. ಮೆಲ್ಲಗೆ ಗೊರಕೆಯನ್ನೂ ಹೊಡೆದೆ. ಐದು ನಿಮಿಷ ನಿಂತಿದ್ದು ಹೋದಳು. ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿಯುವುದಕ್ಕೂ ಇದಕ್ಕೂ ಒಂದೇ ವ್ಯತ್ಯಾಸ. ಬೆಕ್ಕಿಗೆ ಹಾಲಾದರೂ ಸಿಗುತ್ತದೆ.

ಜೂನ್ ೧೫, ಭಾನುವಾರ

ಏನೂ ಬರೆಯುವಂಥದ್ದಿಲ್ಲ. ಅಕ್ಕ ಮಾತಾಡುತ್ತಿಲ್ಲ.

ಜೂನ್ ೧೭, ಮಂಗಳವಾರ

ಇವತ್ತೂ ಬಂದಳು. ಇವತ್ತೂ ಮಲಗಿದೆ. ಗೊರಕೆಯಲ್ಲಿ ನಾನು ಸಾಕಷ್ಟು ಸುಧಾರಿಸಿದ್ದೆ ಎಂದೇ ನನ್ನ ಭಾವನೆ.

"ಮೇಷ್ಟ್ರೇ, ನಿದ್ದೆ ಮಾಡೋರು ಕಾಲ್ಬೆರಳು ಅಲ್ಲಾಡಿಸಲ್ಲ," ಎಂದಳು.

ಪ್ಲಾಸ್ಟರಿನ ಹೊರಗೆ ನನ್ನ ಐದೂ ಬೆರಳು ಒಂದೇ ಸಮನೆ ಕುಣಿಯುತ್ತಿದ್ದವಂತೆ. ಬಾಗಿಲ ಬಳಿ ಅಕ್ಕ ಬಾಯಿಗೆ ಸೆರಗು ಒತ್ತಿಕೊಂಡಿದ್ದಳು. ಕಣ್ಣು ಬಿಟ್ಟೆ. ಬೇರೆ ದಾರಿಯಿರಲಿಲ್ಲ. ಅಳುತ್ತಾಳೆ, ಕೈ ಮುಗಿಯುತ್ತಾಳೆ ಎಂದುಕೊಂಡು ಉತ್ತರ ಸಿದ್ಧಮಾಡಿಟ್ಟಿದ್ದೆ. ಅವಳು ಸ್ಟೂಲು ಎಳೆದುಕೊಂಡು (ಅದೇ ಸ್ಟೂಲು) ಕೂತು, ಒಂದು ದಪ್ಪ ನೋಟ್‌ಬುಕ್ ತೆರೆದಳು. ಪುಟಪುಟಕ್ಕೂ ಮಾತ್ರೆ ಡಬ್ಬಿಯ ಕಾಗದಗಳನ್ನು ಬಿಡಿಸಿ ಅಂಟಿಸಿದ್ದಳು. ಇರುವೆಯಂಥ ಅಕ್ಷರಗಳು, ಕೆಳಗೆ ಪೆನ್ಸಿಲಿನ ಗೆರೆ, ಪಕ್ಕದಲ್ಲಿ ನನ್ನ ಪದಕೋಶದ ಪುಟಸಂಖ್ಯೆ.

"ನಿಮ್ಮ ಪುಸ್ತಕ ಇಲ್ದಿದ್ರೆ ಈ ಕಾಗದದಲ್ಲಿರೋ ಒಂದು ಪದಾನೂ ನಂಗೆ ತಿಳೀತಿರ್ಲಿಲ್ಲ. ಹಂಗಾಗಿ ನಿಮ್ಮನ್ನ ಬೈಯಕ್ಕೆ ಬಂದಿಲ್ಲ ನಾನು."

"ಮತ್ತೆ?"

"ಪರೀಕ್ಷೆ ವಿಷ್ಯ ಹೋಗ್ಲಿ. ಹೋದ ತಿಂಗಳು ನಾನು ರಜೆ ಹಾಕಿದ್ದಾಗ ಒಂದು ವಾರಕ್ಕೆ ಡಿಪ್ಲೊಮಾ ಆಗಿರೋ ಹೊಸಬರೊಬ್ರು ಬಂದಿದ್ರು. ಕೊನೇ ದಿನ ನಾನು ರಜೆ ಮುಗಿಸಿ ಅಲ್ಲೇ ಇದ್ದೆ. ಒಬ್ಬ ಹೆಂಗಸು, ಈ ಮಾತ್ರೆ ಶುರು ಮಾಡಿದಾಗಿಂದ ಎದೆ ಡವಡವ ಅನ್ನತ್ತೆ ಅಂತ ಕೇಳಕ್ಕೆ ಬಂದ್ರು. ಜೋಡಿ ಅಣು ಇರೋ ಮಾತ್ರೆ ಅದು. ಇವ್ರು ಏನಂದ್ರು ಗೊತ್ತಾ? 'ಒಂದು ಕೆಲಸ ಮಾಡತ್ತೆ, ಇನ್ನೊಂದು ಸುಮ್ನಿರತ್ತೆ, ಹೆದರ್ಬೇಡಿ, ತಗೊಳ್ಳಿ.' ನಾನು ಹಿಂದೇನೇ ಓಡಿ, ಬಸ್ ಸ್ಟಾಪಲ್ಲಿ ಅವರನ್ನ ಹಿಡಿದು ಡಾಕ್ಟರ ಹತ್ರ ಕಳಿಸ್ದೆ. ವಾಪಸ್ ಬಂದು ಎಲ್ಲಿ ಓದಿದ್ರಿ ಅಂತ ಕೇಳಿದ್ರೆ, ನಿಮ್ಮ ಪುಸ್ತಕ ತೆಗೆದು ತೋರಿಸಿದ್ರು."

ನಾನು ಹೊದಿಕೆ ಎಳೆದು ಕಾಲ್ಬೆರಳು ಮುಚ್ಚಿಕೊಂಡೆ.

"ಆ ಹೆಂಗಸು ಬಸ್ ಹತ್ತಿಬಿಟ್ಟಿದ್ರೆ?" ಎಂದು ಕೇಳಿದಳು. ಜೋರಾಗಿ ಕೇಳಲಿಲ್ಲ. ಉತ್ತರಕ್ಕೂ ಕಾಯದೆ ನೋಟ್‌ಬುಕ್ ಚೀಲಕ್ಕೆ ಹಾಕಿಕೊಂಡು, ಅಂಗಡಿ ತೆರೆಯುವ ಹೊತ್ತಾಯಿತು ಎಂದು ಹೋದಳು.

ನಾಚಿಕೆಯಾಯಿತು. ಇದಕ್ಕೆ ಬೇರೆ ಪದ ಹುಡುಕುವ ಅಗತ್ಯವಿಲ್ಲ. ಇಷ್ಟು ದಿನ ನನ್ನ ತಪ್ಪು ಪುಟದ ಮೇಲಿದೆ ಎಂದುಕೊಂಡಿದ್ದೆ. ಅದು ಕೌಂಟರಿನಿಂದ ಇಳಿದು ಬಸ್ ಸ್ಟಾಪಿನವರೆಗೂ ಹೋಗಿದೆ.

ಜೂನ್ ೧೮, ಬುಧವಾರ

ಮಂಡಳಿಗೆ ಪತ್ರ ಬರೆದೆ. ಹನ್ನೊಂದು ಪುಟ. ಪದಕೋಶಗಳ ಚರಿತ್ರೆ, ಎರಡು ಸಾಲಿನ ನಿಯಮದ ಹಿನ್ನೆಲೆ, ಮುದ್ರಣಾಲಯದ ಕಾಲಂ ಅಳತೆ, ಅಂದು ನನಗಿದ್ದ ನೆಗಡಿ, ಎಲ್ಲ ಬಂದಿದೆ. ತಪ್ಪಿನ ವಿಷಯ ಒಂಬತ್ತನೆಯ ಪುಟದಲ್ಲಿ ಬರುತ್ತದೆ. ಅಲ್ಲೂ ತಪ್ಪು "ನುಸುಳಿದೆ", ಮಾಡಿದವರು ಯಾರೂ ಇಲ್ಲ.

ಅಕ್ಕ ಓದಿದಳು. ಮಾತಾಡದೆ ಒಳಗೆ ಹೋಗಿ ಕೆಂಪು ಪೆನ್ನು ತಂದಳು. ಒಂದು ಗಂಟೆಯ ನಂತರ ಹನ್ನೊಂದು ಪುಟದಲ್ಲಿ ಉಳಿದದ್ದು ಇಷ್ಟು: "ಪದಕೋಶದ ಪುಟ ೧೧೨ರಲ್ಲಿ ಡಿಸ್ಟೋಮರ್ ಪದದ ಅರ್ಥವೂ ಪ್ರಯೋಗವೂ ತಪ್ಪಾಗಿವೆ. ಆ ತಪ್ಪು ಮಾಡಿದವನು ನಾನು. ಅಭ್ಯರ್ಥಿ ಬರೆದಿರುವ ಉತ್ತರ ಸರಿ. ದಯವಿಟ್ಟು ಅಂಕ ಕೊಡಿ."

ಮತ್ತೆ ನೋಡಿ "ದಯವಿಟ್ಟು" ಎಂಬುದನ್ನೂ ಹೊಡೆದಳು.

"ಅದು ಇರಲಿ, ಸೌಜನ್ಯ," ಎಂದೆ.

"ಸರಿಯಾದ ಉತ್ತರಕ್ಕೆ ದಯೆ ಯಾಕೋ?"

ಇವಳಿದ್ದಳು ಮನೆಯಲ್ಲಿ, ಕತ್ತರಿ ಎಂದು ಹೆಸರು ನನಗೆ ಬಂದಿತ್ತು. ಮುದ್ರಣಾಲಯದ ಮೆಟ್ಟಿಲಿನ ವಿಷಯಕ್ಕೆ ಕ್ಷಮೆ ಕೇಳಿದೆ. "ಈಗ ನೆನಪಾಯ್ತಾ?" ಎಂದಳು. ನೆನಪಾಗಿಲ್ಲ, ಆದರೂ ಕೇಳುತ್ತಿದ್ದೇನೆ ಎಂದೆ. ರಾತ್ರಿ ಊಟಕ್ಕೆ ತಾನೇ ಕರೆದಳು.

ಜೂನ್ ೨೦, ಶುಕ್ರವಾರ

ಕೊನೆಯ ದಿನ. ಅಂಚೆಯನ್ನು ನಂಬದೆ ನಾನೇ ಹೋದೆ. ಮಂಡಳಿಯ ಕಚೇರಿ ಮೂರನೆಯ ಮಹಡಿಯಲ್ಲಿ, ಲಿಫ್ಟು ಕೆಟ್ಟಿತ್ತು. ಎರಡು ಊರುಗೋಲು, ಒಂದು ಕಾಲು, ಒಬ್ಬ ಅಕ್ಕ. ಮೆಟ್ಟಿಲು ಮೆಟ್ಟಿಲಿಗೂ ಕೂತು ಹತ್ತಿದೆ. ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಇಳಿದು ಬರುತ್ತಿದ್ದವನು ನಮಸ್ಕರಿಸಿದ. ಮೆಟ್ಟಿಲ ಮೇಲೆ ಕೂತಿದ್ದವನು ಗಂಭೀರವಾಗಿ ಆಶೀರ್ವದಿಸಿದೆ.

ಕಿಟಕಿಯ ಹಿಂದಿನ ಗುಮಾಸ್ತೆ ಪತ್ರ ತೆಗೆದುಕೊಳ್ಳಲಿಲ್ಲ. ಫಾರಂ ತುಂಬಬೇಕು ಎಂದಳು. ತುಂಬಿದೆ.

"'ಯಾರ ತಪ್ಪಿನ ಬಗ್ಗೆ ಆಕ್ಷೇಪ' ಅನ್ನೋ ಕಡೆ ನಿಮ್ಮ ಹೆಸರೇ ಬರ್ದಿದೀರಲ್ಲ."

"ಹೌದು."

"'ಆಕ್ಷೇಪ ಬೆಂಬಲಿಸುವವರು' ಅನ್ನೋ ಕಡೆಗೂ ನೀವೇ."

"ಹೌದಮ್ಮ."

"ಒಬ್ಬರೇ ಎರಡೂ ಕಡೆ ಬರೋ ಹಾಗಿಲ್ಲ ಸಾರ್. ಒಂದು ಕಡೆ ಬೇರೆ ಯಾರನ್ನಾದ್ರೂ ಹಾಕಿ."

ಜೀವನದಲ್ಲಿ ಮೊದಲ ಸಲ ತಪ್ಪನ್ನು ಒಪ್ಪಿಕೊಳ್ಳಲು ಬಂದಿದ್ದೇನೆ, ಅದಕ್ಕೆ ಕಾಲಮ್ಮೇ ಇಲ್ಲ. ಅಕ್ಕ ನನ್ನನ್ನು ಪಕ್ಕಕ್ಕೆ ಸರಿಸಿ, ಬೆಂಬಲಿಸುವವರು ಎಂಬಲ್ಲಿ ತನ್ನ ಹೆಸರು ಬರೆದಳು. ಹುದ್ದೆ: ಪ್ರೂಫ್ ನೋಡಿದವರು. ಗುಮಾಸ್ತೆ ಮುದ್ರೆ ಒತ್ತಿದಳು. ಕಚೇರಿ ಮುಚ್ಚಲು ಹತ್ತು ನಿಮಿಷವಿತ್ತು.

ದಾರಿಯಲ್ಲಿ ಟ್ಯಾಕ್ಸಿ ನಿಲ್ಲಿಸಿ ಔಷಧಿ ಅಂಗಡಿಯವರಿಗೆ ರಸೀದಿ ತೋರಿಸಿದೆವು. ಗಿರಾಕಿಗಳಿದ್ದರು, ಅವರು ಹೆಚ್ಚು ಮಾತಾಡಲಿಲ್ಲ. ಕನ್ನಡಕ ಏರಿಸಿ ರಸೀದಿಯನ್ನು ಪೂರ್ತಿ ಓದಿದರು, ಹಿಂಬದಿಯ ನಿಯಮಗಳನ್ನೂ ಸೇರಿಸಿ.

ಜೂನ್ ೨೯, ಭಾನುವಾರ

ಅಂಗಡಿಯವರು ಸಂಜೆ ಮನೆಗೆ ಹೋಗುವಾಗ ಒಂದು ಗಂಟೆ ಇಲ್ಲಿ ಕೂರುತ್ತಾರೆ. ನಾನು ಕಾರ್ಡು ಓದುತ್ತೇನೆ, ಅಕ್ಕ ಅಚ್ಚಾದ ಪುಟ ನೋಡುತ್ತಾಳೆ, ಅವರು ತಮ್ಮ ಕಾಗದಗಳ ಜೊತೆ ಹೋಲಿಸುತ್ತಾರೆ. ಎಲ್ಲೆಲ್ಲಿ ಕತ್ತರಿಸಿ ಕೆಡಿಸಿದ್ದೇನೆ ಎಂದು ಪಟ್ಟಿಯಾಗುತ್ತಿದೆ. ಇಂದಿಗೆ ಹತ್ತೊಂಬತ್ತು ಪದ. ವರ್ಷಕ್ಕೊಂದರಂತೆ ಸರಿಯಾಗಿದೆ. ನಿನ್ನೆ ಒಂದು ಪದಕ್ಕೆ ಮೂವರೂ ಸೇರಿ ಒಂದೂವರೆ ಗಂಟೆ ಜಗಳವಾಡಿದೆವು. ಅರ್ಥ ಐದು ಸಾಲಾಯಿತು, ಮೂವರಿಗೂ ಒಪ್ಪಿಗೆಯಾಯಿತು. ಚಹಾ ಆರಿಹೋಗಿತ್ತು, ಹಾಗೇ ಕುಡಿದೆವು.

ಬೆಳಿಗ್ಗೆ ಕ್ಯಾಲೆಂಡರ್ ನೋಡುವಾಗ, ನಿನ್ನೆ ಇಪ್ಪತ್ತೆಂಟು ಏನೋ ಇತ್ತಲ್ಲ ಅನ್ನಿಸಿತು. ಸಮಾರಂಭದ ದಿನ. ರದ್ದಾಗಿದೆ ಎಂದು ಅಧ್ಯಕ್ಷ ಹೋದ ವಾರವೇ ಫೋನ್ ಮಾಡಿದ್ದ, ಬರೆಯಲು ಮರೆತಿದ್ದೆ. ಭಾಷಣದ ಹಾಳೆಗಳ ಹಿಂಬದಿ ಖಾಲಿಯಿತ್ತು, ಪಟ್ಟಿಗೆ ಉಪಯೋಗಕ್ಕೆ ಬಂತು.

ಜುಲೈ ೩, ಗುರುವಾರ

ವಿಚಾರಣೆ. ಮೇಜಿನ ಆಚೆ ಮೂವರು ತಜ್ಞರು, ಈಚೆ ನಾವು ಮೂವರು. ನಡುವಿನಲ್ಲಿ ಕೂತಿದ್ದವರು ನನ್ನ ಪತ್ರವನ್ನು ಎರಡು ಸಲ ತಿರುಗಿಸಿ ನೋಡಿ, "ಇಷ್ಟೇನಾ?" ಎಂದರು.

"ಇಷ್ಟೇ," ಎಂದಳು ಅಕ್ಕ.

ತಜ್ಞರಲ್ಲಿ ಎಲ್ಲರಿಗಿಂತ ಚಿಕ್ಕವಳು ಕೇಳಿದಳು: "ಪುಸ್ತಕ ಬಂದು ಮೂರು ವರ್ಷ ಆಯ್ತು ಸರ್. ಇದುವರೆಗೂ ಯಾರೂ ಗಮನಿಸಲಿಲ್ವಾ?"

"ಇಬ್ಬರು ಗಮನಿಸಿದ್ರು. ಇಬ್ಬರೂ ಇಲ್ಲೇ ಕೂತಿದ್ದಾರೆ. ನಾನೇ ಕೇಳಿಸ್ಕೊಳ್ಳಲಿಲ್ಲ," ಎಂದೆ. ಇನ್ನೂ ಬಹಳಷ್ಟು ಹೇಳುವುದಿತ್ತು. ಅಷ್ಟಕ್ಕೇ ನಿಲ್ಲಿಸಿ ಕುರ್ಚಿಗೆ ಒರಗಿದೆ. ಸಂಕ್ಷಿಪ್ತತೆ ನನಗೆ ತಾನಾಗಿ ಬಂದದ್ದು ಅದೊಂದೇ ಸಲ.

ಆಮೇಲೆ ಅಂಗಡಿಯವರನ್ನು ಆ ಪದದ ಬಗ್ಗೆ ಇಪ್ಪತ್ತು ನಿಮಿಷ ಪ್ರಶ್ನೆ ಕೇಳಿದರು. ಅವರು ಕೈ ಕಟ್ಟಿಕೊಂಡು ನಿಂತು ಉತ್ತರಿಸಿದರು. ಯಾವ ರೋಗಕ್ಕೆ ಎಂದು ತಿಳಿಯದೆ, ಯಾವುದು ಯೂಟೋಮರ್, ಯಾವುದು ಡಿಸ್ಟೋಮರ್ ಎಂದು ಹೇಳಲು ತಮ್ಮಿಂದಾಗದು ಎಂದರು. ಚಿಕ್ಕವಳು ತನ್ನ ನೋಟ್‌ಪ್ಯಾಡ್ ತೆಗೆದು ಅದನ್ನು ಬರೆದುಕೊಂಡಳು.

ಜುಲೈ ೧೪, ಸೋಮವಾರ

ಪ್ಲಾಸ್ಟರ್ ಬಿಚ್ಚಿದರು. ಒಳಗಿನಿಂದ ಬಂದ ಕಾಲು ನನ್ನದೆಂದು ನಂಬುವುದು ಕಷ್ಟ.

ಫಲಿತಾಂಶವೂ ಬಂತು. ಅಂಥದೇ ಉತ್ತರ ಬರೆದಿದ್ದ ಏಳು ಮಂದಿಗೆ ಅಂಕ ಕೊಟ್ಟಿದ್ದಾರೆ. ಪದಕೋಶವನ್ನು ಪಟ್ಟಿಯಿಂದ ತೆಗೆದಿದ್ದಾರೆ. ಅಂಗಡಿಯವರು ಪಾಸು. ನಮ್ಮ ಮನೆಗೆ ಓಡಿ ಬಂದವರು ಬಾಗಿಲಲ್ಲೇ ನಿಂತರು. ಏನು ಹೇಳಬೇಕೆಂದು ತೋಚದೆ, "ಮೇಷ್ಟ್ರೇ, ಕಾಲು ಸಣ್ಣ ಆಗಿದೆ," ಎಂದರು. ಆಮೇಲೆ ಅಕ್ಕನನ್ನು ತಬ್ಬಿಕೊಂಡು ಅತ್ತರು. ನಾನು ಕನ್ನಡಕ ಒರೆಸಿದೆ. ಅದು ಶುಭ್ರವಾಗಿಯೇ ಇತ್ತು.

ಆಗಸ್ಟ್ ೪, ಸೋಮವಾರ

ಬೆಳಿಗ್ಗೆ ಪಾದದ ನೋವು ಜೋರಾಗಿತ್ತು. ಕೋಲೂರಿಕೊಂಡು ಮೂಲೆಯ ಅಂಗಡಿಗೆ ಹೋದೆ. ಕೌಂಟರಿನ ಹಿಂದೆ, ಗೋಡೆಯ ಮೇಲೆ, ಹೊಸ ಲೈಸೆನ್ಸಿಗೆ ಗಾಜಿನ ಚೌಕಟ್ಟು ಹಾಕಿಸಿದ್ದಾರೆ. ಮಾಲೀಕರ ಹೆಸರಿದ್ದ ಜಾಗದಲ್ಲಿ ಅವರ ಹೆಸರು. ಐದಾರು ಜನ ಸಾಲಿನಲ್ಲಿದ್ದರು. ನನ್ನ ಸರದಿ ಬಂತು.

"ನೋವಿಗೆ ಮಾತ್ರೆ ಕೊಡಿ. ಆಸ್ಪತ್ರೇಲಿ ಕೊಟ್ಟಿದ್ರಲ್ಲ, ಆ ದೊಡ್ಡದು."

"ಚೀಟಿ?"

"ಮನೇಲಿ ಎಲ್ಲೋ ಇದೆ. ಹಳೇದು."

"ಹೊಸದು ಬೇಕು ಮೇಷ್ಟ್ರೇ. ರಕ್ತದೊತ್ತಡದ ಮಾತ್ರೆ ತಗೊಳ್ತಿದೀರಾ?"

"ಇಲ್ಲ," ಎಂದೆ.

"ಅಕ್ಕ ಹೋದ ವಾರ ಇಲ್ಲಿಂದಾನೇ ತಗೊಂಡು ಹೋದ್ರು. ನಿಮ್ಮ ಹೆಸರಲ್ಲಿ."

ಸಾಲಿನಲ್ಲಿದ್ದವರು ನನ್ನ ಕಡೆ ತಿರುಗಿದರು. ನಾನು ದನಿ ಇಳಿಸಿ, ಎರಡೇ ಮಾತ್ರೆ ಸಾಕು ಎಂದೆ. ಆಗುವುದಿಲ್ಲ ಎಂದರು. ನಾನು ಯಾರು, ಇಲ್ಲಿ ಈ ಚೌಕಟ್ಟು ಹೇಗೆ ಬಂತು ಎಂದು ನೆನಪಿಸುವ ಒಂದು ಮಾತು ನಾಲಿಗೆಯ ತುದಿಯವರೆಗೂ ಬಂತು. ಬಂದದ್ದನ್ನು ಇಲ್ಲಿ ಒಪ್ಪಿಕೊಳ್ಳುತ್ತೇನೆ. ಅವರಿಗೂ ಅದು ಕಂಡಿರಬೇಕು.

"ನೀವಾಗಿದ್ದಕ್ಕೇ ಕೊಡಲ್ಲ," ಎಂದರು. "ಪಕ್ಕದ ಬೀದೀಲಿ ಡಾಕ್ಟರು ಒಂದು ಗಂಟೆವರೆಗೂ ಇರ್ತಾರೆ. ಮೆಲ್ಲಗೆ ನಡ್ಕೊಂಡು ಹೋಗಿ. ಚೀಟಿ ತನ್ನಿ, ನಾನು ಇಲ್ಲೇ ಇರ್ತೀನಿ." ನನ್ನ ಹಿಂದಿದ್ದವರಿಗೆ, "ಮುಂದಕ್ಕೆ ಬನ್ನಿ," ಎಂದರು.

ಮೂವತ್ತೈದು ವರ್ಷ ಪಾಠ ಹೇಳಿದ್ದೇನೆ. ನೂರಾರು ವಿದ್ಯಾರ್ಥಿಗಳು ನಮಸ್ಕಾರ ಮಾಡಿದ್ದಾರೆ, ಕೆಲವರು ಹೂವು ಕೊಟ್ಟಿದ್ದಾರೆ, ಒಬ್ಬ ಗಡಿಯಾರ ಕೊಟ್ಟಿದ್ದ. ಯಾರೂ ನನಗೆ ಇವತ್ತಿನಷ್ಟು ಸಂತೋಷ ಕೊಟ್ಟಿರಲಿಲ್ಲ. ಇವರು ಏನೂ ಕೊಡದೆ ಕಳಿಸಿದರು. ಕಾಲು ನೋಯುತ್ತಿತ್ತು, ಮೆಲ್ಲಗೆ ನಡೆದೆ. ಡಾಕ್ಟರಲ್ಲಿ ನನ್ನದು ಹದಿನೇಳನೆಯ ಟೋಕನ್.